ಹೇಬಿಯಸ್ ಕಾರ್ಪಸ್: ಅಪ್ಪನೂ ಹಾಕಬಹುದು, ಹುಡುಗನೂ ಹಾಕಬಹುದು

ಮಗಳು ಕಾಣೆಯಾಗಿದ್ದಾಳೆ, ಹುಡುಕಿಸಿಕೊಡಿ ಎಂದು ಅಪ್ಪ ಹೈಕೋರ್ಟಿಗೆ ಹೋಗುತ್ತಾರೆ. ನನ್ನ ಹುಡುಗಿಯನ್ನು ಮನೆಯವರು ಕೂಡಿಹಾಕಿದ್ದಾರೆ, ಬಿಡಿಸಿಕೊಡಿ ಎಂದು ಹುಡುಗನೂ ಅಲ್ಲಿಗೇ ಹೋಗುತ್ತಾನೆ. ಇಬ್ಬರೂ ಹಾಕುವುದು ಒಂದೇ ಅರ್ಜಿ: ಹೇಬಿಯಸ್ ಕಾರ್ಪಸ್.

ವ್ಯಕ್ತಿಯನ್ನು ಕೋರ್ಟಿನ ಮುಂದೆ ಹಾಜರುಪಡಿಸಿ ಎನ್ನುವ ಆದೇಶ ಇದು. ಸಂವಿಧಾನದ 32ನೇ ವಿಧಿಯಡಿ ಸುಪ್ರೀಂ ಕೋರ್ಟ್, 226ನೇ ವಿಧಿಯಡಿ ಹೈಕೋರ್ಟ್ ಇದನ್ನು ಕೊಡಬಹುದು. ಪೊಲೀಸರು ಅಕ್ರಮವಾಗಿ ಹಿಡಿದಿಟ್ಟುಕೊಂಡಾಗ ಮಾತ್ರ ಅಂತ ತುಂಬಾ ಜನ ಅಂದುಕೊಂಡಿದ್ದಾರೆ. ಹಾಗಲ್ಲ. ಕೂಡಿಹಾಕಿದವರು ಸ್ವಂತ ಅಪ್ಪ ಅಮ್ಮ ಆದರೂ ಅರ್ಜಿ ನಡೆಯುತ್ತದೆ.

ಕೋರ್ಟಿಗೆ ಬಂದ ವ್ಯಕ್ತಿಗೆ 18 ತುಂಬಿದೆಯೇ, ಸ್ವಂತ ಇಷ್ಟದಿಂದ ಇದ್ದಾರೆಯೇ, ಈಗ ಎಲ್ಲಿಗೆ ಹೋಗಲು ಬಯಸುತ್ತಾರೆ? ಇಷ್ಟು ತಿಳಿದರೆ ಸಾಕು. ಹುಡುಗ ಯಾವ ಜಾತಿ, ಸಂಬಳ ಎಷ್ಟು, ಸಂಬಂಧ ಒಳ್ಳೆಯದಾ ಎನ್ನುವುದೆಲ್ಲ ಈ ಅರ್ಜಿಯ ವಿಷಯವೇ ಅಲ್ಲ.

ಆದರೆ ಕೋರ್ಟುಗಳೂ ಇಲ್ಲಿ ಎಡವಿವೆ. ಕೇರಳದ ಹಾದಿಯಾ ಪ್ರಕರಣವನ್ನೇ ನೋಡಿ. ಹೋಮಿಯೋಪತಿ ಓದುತ್ತಿದ್ದ ವಯಸ್ಕ ಯುವತಿ ಮತಾಂತರವಾದರು. ತಂದೆ ಹೇಬಿಯಸ್ ಕಾರ್ಪಸ್ ಹಾಕಿದರು. ಅರ್ಜಿ ನಡೆಯುತ್ತಿದ್ದಾಗಲೇ, 2016ರ ಡಿಸೆಂಬರ್‌ನಲ್ಲಿ, ಆಕೆ ಮದುವೆಯೂ ಆದರು. 2017ರ ಮೇನಲ್ಲಿ ಹೈಕೋರ್ಟ್ ಆ ಮದುವೆಯನ್ನೇ ಅಸಿಂಧು ಎಂದು ಸಾರಿ, ಆಕೆಯನ್ನು ತವರಿಗೆ ಕಳಿಸಿತು. ಯಾರೋ ಬಂಧನದಲ್ಲಿದ್ದಾರೆ, ಬಿಡಿಸಿ ಎಂಬ ಅರ್ಜಿಯ ಫಲವಾಗಿ, ಬಂಧನದಲ್ಲಿ ಇಲ್ಲದ ಹೆಣ್ಣುಮಗಳು ತಿಂಗಳುಗಟ್ಟಲೆ ಮನೆಯೊಳಗೆ ಉಳಿದರು! ಅದೇ ವರ್ಷದ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟಿನ ಮುಂದೆ ನಿಂತು ಆಕೆ ಕೇಳಿದ್ದು ಸ್ವಾತಂತ್ರ್ಯ. ಕೋರ್ಟ್ ಅವತ್ತು ಓದು ಮುಗಿಸಲು ಸೇಲಂನ ಕಾಲೇಜಿಗೆ ಕಳಿಸಿತು. 2018ರ ಮಾರ್ಚ್ 8ರಂದು ಹೈಕೋರ್ಟಿನ ತೀರ್ಪನ್ನು ರದ್ದು ಮಾಡಿತು. ವಯಸ್ಕರು ಯಾರನ್ನು ಮದುವೆಯಾಗಬೇಕು ಎನ್ನುವುದು 21ನೇ ವಿಧಿ ಕೊಟ್ಟ ಸ್ವಾತಂತ್ರ್ಯದೊಳಗೇ ಇದೆ, ಹೇಬಿಯಸ್ ಕಾರ್ಪಸ್‌ನಲ್ಲಿ ಮದುವೆ ಮುರಿಯುವ ಅಧಿಕಾರ ಹೈಕೋರ್ಟಿಗಿಲ್ಲ ಎಂಬುದು ಆ ತೀರ್ಪಿನ ತಿರುಳು.

ಇದೇ ಅರ್ಜಿ ಸರಿಯಾಗಿ ಕೆಲಸ ಮಾಡಿದ್ದನ್ನು ಬೆಂಗಳೂರಿನಲ್ಲೇ ನೋಡಬಹುದು. 2020ರ ನವೆಂಬರ್‌ನಲ್ಲಿ ಒಬ್ಬ ಯುವಕ ಕರ್ನಾಟಕ ಹೈಕೋರ್ಟಿಗೆ ಬಂದ. ಅವನ ಗೆಳತಿ, ಸಾಫ್ಟ್‌ವೇರ್ ಎಂಜಿನಿಯರ್, ಮಹಿಳಾ ಆಶ್ರಯ ಕೇಂದ್ರವೊಂದರಲ್ಲಿದ್ದಳು. ಪೊಲೀಸರು ಆಕೆಯನ್ನು ಕರೆತಂದರು. ಹುಡುಗಿಯ ಅಪ್ಪ ಅಮ್ಮ ಒಪ್ಪಿರಲಿಲ್ಲ. ನ್ಯಾಯಪೀಠ ಆಕೆಯ ಮಾತು ಕೇಳಿಸಿಕೊಂಡು ಬಿಡುಗಡೆಗೆ ಆದೇಶಿಸಿತು. ಜಾತಿ, ಧರ್ಮ ಏನೇ ಇರಲಿ, ವಯಸ್ಕರು ತಮ್ಮಿಷ್ಟದವರನ್ನು ಮದುವೆಯಾಗುವುದು ಮೂಲಭೂತ ಹಕ್ಕು ಎಂದಿತು.

ಹುಡುಗನಿಗೆ 21 ಆಗಿರದಿದ್ದರೆ? ಇದನ್ನು ಜಾಸ್ತಿ ಜನ ಕೇಳುತ್ತಾರೆ. ಗಂಡಿನ ಮದುವೆಗೆ ಕಾನೂನು ಹೇಳುವ ವಯಸ್ಸು 21, ಆದರೆ 18ಕ್ಕೇ ಆತ ವಯಸ್ಕ. ಕೇರಳದ್ದೇ ಇನ್ನೊಂದು ಪ್ರಕರಣದಲ್ಲಿ ಹುಡುಗನಿಗೆ 21 ಆಗಿಲ್ಲ ಎಂಬ ಕಾರಣಕ್ಕೆ ಹೈಕೋರ್ಟ್ ಹುಡುಗಿಯನ್ನು ತಂದೆಯ ವಶಕ್ಕೆ ಕೊಟ್ಟಿತ್ತು. ಇಬ್ಬರೂ ವಯಸ್ಕರು, ಮದುವೆಯಿಲ್ಲದೆಯೂ ಒಟ್ಟಿಗೆ ಇರಬಹುದು ಎಂದು 2018ರಲ್ಲಿ ಸುಪ್ರೀಂ ಕೋರ್ಟ್ ಆ ಆದೇಶ ತೆಗೆದುಹಾಕಿತು.

ಹಾಗಾದರೆ ಮಾತು ಕೇಳುವುದು ಹೇಗೆ? ಎದುರಿಗೆ ಅಪ್ಪ ಕೂತಿದ್ದರೆ ಮಗಳು ಬಾಯಿ ಬಿಡುವುದು ಕಷ್ಟ, ಅಲ್ವಾ? 2024ರಲ್ಲಿ ಸುಪ್ರೀಂ ಕೋರ್ಟ್ ಇದಕ್ಕೂ ಮಾರ್ಗಸೂಚಿ ಕೊಟ್ಟಿತು: ನ್ಯಾಯಾಧೀಶರು ತಮ್ಮ ಕೊಠಡಿಯಲ್ಲಿ ನೇರವಾಗಿ ಮಾತಾಡಿಸಬೇಕು, ಮನೆಯವರ ಒತ್ತಡವಿಲ್ಲದಂತೆ ನೋಡಿಕೊಳ್ಳಬೇಕು. ಮನೆಗೆ ಹೋಗಲ್ಲ ಎಂದರೆ ತಡಮಾಡದೆ ಬಿಡಬೇಕು.

ಒಂದು ಗೊಂದಲ ಮಾತ್ರ ಬೇಡ. ಹೇಬಿಯಸ್ ಕಾರ್ಪಸ್ ಆದೇಶ ಮದುವೆಯ ಸರ್ಟಿಫಿಕೇಟ್ ಅಲ್ಲ. ಬೇರೆ ಧರ್ಮದವರನ್ನು 1954ರ ವಿಶೇಷ ವಿವಾಹ ಕಾಯ್ದೆಯಡಿ ಮದುವೆಯಾಗುವವರು ವಿವಾಹಾಧಿಕಾರಿಗೆ ನೋಟಿಸ್ ಕೊಟ್ಟು 30 ದಿನ ಕಾಯಲೇಬೇಕು.