ರಾಘವ್ ಬಹಲ್ ವೃತ್ತಿಬದುಕು: ದುಡ್ಡು ಯಾವ ಮಹಡಿಗೆ ಬಂತು?

ಮಾಧ್ಯಮ ನಿರ್ವಹಣೆ ಪರೀಕ್ಷೆಗೆ ಓದುತ್ತಿರುವವರಿಗಾಗಿ ಈ ಟಿಪ್ಪಣಿ. ಟಿವಿ ಪತ್ರಕರ್ತರಾಗಿದ್ದು ಡಿಜಿಟಲ್ ಉದ್ಯಮಿಯಾದ ರಾಘವ್ ಬಹಲ್ ಅವರ ಅಧ್ಯಾಯದಲ್ಲಿ ನಾನು ನಾಲ್ಕು ದಿನ ಒಂದೇ ಜಾಗದಲ್ಲಿ ಸಿಕ್ಕಿಕೊಂಡಿದ್ದೆ. ನಿನ್ನೆ ರಾತ್ರಿ ಗಂಟು ಬಿಚ್ಚಿತು. ಮರೆಯುವ ಮೊದಲು ಬರೆದಿಡುತ್ತಿದ್ದೇನೆ.

ಮೊದಲ ಅರ್ಧ, ಬೇಗ ಬೇಗ

ಓದಿದ್ದು ದೆಹಲಿಯ ಸೇಂಟ್ ಸ್ಟೀಫನ್ಸ್ ಕಾಲೇಜು, ಆಮೇಲೆ ದೆಹಲಿ ವಿಶ್ವವಿದ್ಯಾಲಯದಲ್ಲೇ ಎಂಬಿಎ. ಮೊದಲ ಕೆಲಸ ಪತ್ರಿಕೋದ್ಯಮದ್ದಲ್ಲ: ಎ.ಎಫ್. ಫರ್ಗುಸನ್ ಎಂಬ ಸಲಹಾ ಸಂಸ್ಥೆ, ನಂತರ ಅಮೆರಿಕನ್ ಎಕ್ಸ್‌ಪ್ರೆಸ್ ಬ್ಯಾಂಕ್. 1985ರಿಂದ ದೂರದರ್ಶನದಲ್ಲಿ ವರದಿಗಾರ ಮತ್ತು ನಿರೂಪಕ. 1993ರಲ್ಲಿ ಟಿವಿ18 ಸ್ಥಾಪನೆ. ಹುಟ್ಟಿದಾಗ ಅದು ಚಾನೆಲ್ ಅಲ್ಲ, ಬೇರೆಯವರಿಗೆ ಕಾರ್ಯಕ್ರಮ ಮಾಡಿಕೊಡುವ ಕಂಪನಿ. ಸ್ಟಾರ್ ಪ್ಲಸ್‌ಗೆ 'ದಿ ಇಂಡಿಯಾ ಶೋ', ಬಿಬಿಸಿಗೆ 'ಇಂಡಿಯಾ ಬಿಸಿನೆಸ್ ರಿಪೋರ್ಟ್'. 1999ರಲ್ಲಿ ಸಿಎನ್‌ಬಿಸಿ ಇಂಡಿಯಾ, 2005ರಲ್ಲಿ ಸಿಎನ್‌ಎನ್-ಐಬಿಎನ್, 2008ರಲ್ಲಿ ವಯಾಕಾಮ್ ಜೊತೆಗಿನ ಪಾಲುದಾರಿಕೆಯಿಂದ ಕಲರ್ಸ್.

"ಬಹಲ್ 2014ರ ನಂತರ ಡಿಜಿಟಲ್‌ಗೆ ಬಂದರು" ಎಂದು ಬರೆಯಬೇಡಿ. ಹಣಕಾಸು ತಾಣ ಮನಿಕಂಟ್ರೋಲ್ 2000ದ ಆಸುಪಾಸಿನಲ್ಲೇ ಅವರ ಸಮೂಹಕ್ಕೆ ಸೇರಿತ್ತು. ಸುದ್ದಿತಾಣ ಫಸ್ಟ್‌ಪೋಸ್ಟ್ ಶುರುವಾದದ್ದು 2011ರಲ್ಲಿ. ಡಿಜಿಟಲ್ ಅವರಿಗೆ ಹೊಸದಾಗಿರಲಿಲ್ಲ. 2014ರಲ್ಲಿ ಬದಲಾದದ್ದು ಮಾಲೀಕತ್ವ, ಮತ್ತು ನಾನು ಎಡವಿದ್ದೂ ಅಲ್ಲೇ.

2012 ಸರಿಯೋ, 2014 ಸರಿಯೋ?

ಪ್ರಶ್ನೆ ಬಹಲ್ ಅವರ ಸಮೂಹದ ಬಗ್ಗೆ: "ರಿಲಯನ್ಸ್ ನೆಟ್‌ವರ್ಕ್18 ಅನ್ನು ಕೊಂಡದ್ದು ಯಾವಾಗ?" ನಾನು 2012 ಎಂದು ಬರೆದಿದ್ದೆ, ಗೆಳತಿ 2014 ಎಂದು ಬರೆದಿದ್ದಳು. ಇಬ್ಬರ ಹತ್ತಿರವೂ ಆಧಾರವಿತ್ತು. ಅರ್ಧ ಗಂಟೆ ವಾದ ಮಾಡಿದ ಮೇಲೆ ಗೊತ್ತಾಯಿತು, ಇಬ್ಬರಿಗೂ ಕಂಪನಿಯ ಕಟ್ಟಡದ ನಕ್ಷೆಯೇ ಗೊತ್ತಿರಲಿಲ್ಲ. ಒಂದು ಹಾಳೆ ತೆಗೆದುಕೊಂಡು ಮೂರು ಮಹಡಿಯ ಮನೆ ಬರೆಯಿರಿ. ಇದು 2012ರ ಹೊತ್ತಿನ ನಕ್ಷೆ.

ಕೆಳಗಿನ ಮಹಡಿ: ಟಿವಿ18. ಚಾನೆಲ್‌ಗಳು ಇಲ್ಲಿದ್ದವು.
ನಡುವಿನ ಮಹಡಿ: ನೆಟ್‌ವರ್ಕ್18. ಟಿವಿ18ರ ದೊಡ್ಡ ಪಾಲು ಇದರ ಕೈಯಲ್ಲಿತ್ತು.
ಮೇಲಿನ ಮಹಡಿ: ಬಹಲ್ ಅವರ ಆರು ಖಾಸಗಿ ಕಂಪನಿಗಳು. ನೆಟ್‌ವರ್ಕ್18ರ ಪ್ರವರ್ತಕರ (ಕಂಪನಿ ಕಟ್ಟಿ ಹಿಡಿತ ಇಟ್ಟುಕೊಂಡವರ) ಷೇರು ಇಲ್ಲಿತ್ತು.

ಕೆಳಗಿನ ಎರಡೂ ಆಗ ಷೇರುಪೇಟೆಯಲ್ಲಿ ನೋಂದಾಯಿತ ಕಂಪನಿಗಳಾಗಿದ್ದವು. ನೀವು, ನಾನು ಕೂಡ ಅವುಗಳ ಷೇರು ಕೊಳ್ಳಬಹುದಿತ್ತು. ಮೇಲಿನ ಮಹಡಿಗೆ ಹೊರಗಿನವರು ಹತ್ತುವ ಹಾಗಿರಲಿಲ್ಲ.

2008ರ ಆರ್ಥಿಕ ಕುಸಿತದ ನಂತರ ಸಮೂಹದ ಸಾಲ ಬೆಳೆದಿತ್ತು. ಆಗಿನ ಕೇಬಲ್‌ನಲ್ಲಿ ಜಾಗ ಕಡಿಮೆ, ಚಾನೆಲ್‌ಗಳು ಜಾಸ್ತಿ. ಮನೆಮನೆ ತಲುಪಬೇಕಾದರೆ ಚಾನೆಲ್ಲೇ ಕೇಬಲ್‌ನವರಿಗೆ ದುಡ್ಡು ಕಟ್ಟಬೇಕಿತ್ತು. 2012ರ ಜನವರಿಯಲ್ಲಿ ರಿಲಯನ್ಸ್ ಜೊತೆ ಒಪ್ಪಂದವಾಯಿತು. ದುಡ್ಡು ಹರಿದ ದಾರಿಯನ್ನು ಬೆರಳಿಟ್ಟು ಹಿಂಬಾಲಿಸಿ. ಇಂಡಿಪೆಂಡೆಂಟ್ ಮೀಡಿಯಾ ಟ್ರಸ್ಟ್ ಎಂಬುದೊಂದು. ಅದರ ಏಕೈಕ ಫಲಾನುಭವಿ ರಿಲಯನ್ಸ್ ಇಂಡಸ್ಟ್ರೀಸ್. ಟ್ರಸ್ಟ್‌ನ ದುಡ್ಡು ಬಂದದ್ದು ಮೇಲಿನ ಮಹಡಿಗೆ. ಆ ಕಂಪನಿಗಳು ಅದರಿಂದ ಕೆಳಗಿನ ಎರಡು ಕಂಪನಿಗಳ ಹಕ್ಕಿನ ಷೇರು (ಇರುವ ಷೇರುದಾರರಿಗೇ ಮೊದಲು ಕೊಡುವ ಹೊಸ ಷೇರು) ಕೊಂಡವು. ಕೆಳಗೆ ಇಳಿದ ದುಡ್ಡಿನಲ್ಲಿ ಒಂದು ಭಾಗ ಸಾಲ ತೀರಿಸಲು ಹೋಯಿತು. ಇನ್ನೊಂದು ಭಾಗದಿಂದ ಟಿವಿ18 ಈಟಿವಿ ಚಾನೆಲ್‌ಗಳ ಪಾಲು ಕೊಂಡಿತು, ಅದೂ ರಿಲಯನ್ಸ್ ಕಡೆಯಿಂದಲೇ. ಘೋಷಿಸಿದ ಬೆಲೆ ಸುಮಾರು 2,100 ಕೋಟಿ ರೂಪಾಯಿ. ಹೊರಟ ದುಡ್ಡಿನಲ್ಲಿ ದೊಡ್ಡ ಪಾಲು ಸುತ್ತು ಹಾಕಿ ಹೊರಟ ಮನೆಗೇ ಮರಳಿತು.

ನಮಗೆ ಇದು ದೂರದ ಕಥೆಯಲ್ಲ. ತೆಲುಗು ಬಿಟ್ಟು ಉಳಿದ ಮನರಂಜನಾ ಚಾನೆಲ್‌ಗಳಲ್ಲಿ ಟಿವಿ18ಕ್ಕೆ ಸಿಕ್ಕ ಪಾಲು ಶೇ 50. ಅದರಲ್ಲಿ ಈಟಿವಿ ಕನ್ನಡವೂ ಸೇರಿತ್ತು. 2015ರಲ್ಲಿ ಅದರ ಹೆಸರು ಕಲರ್ಸ್ ಕನ್ನಡ ಆಯಿತು. ನಮ್ಮಜ್ಜಿ ಇವತ್ತಿಗೂ ಅದನ್ನು "ಈಟಿವಿ" ಎಂದೇ ಕರೆಯುತ್ತಾರೆ.

ಬಡ್ಡಿಯಿಲ್ಲದ ಸಾಲ ಯಾರು ಕೊಡುತ್ತಾರೆ?

ನನ್ನ ತಲೆ ಕೆಟ್ಟದ್ದು ಇಲ್ಲಿ. ಟ್ರಸ್ಟ್ ಮೇಲಿನ ಮಹಡಿಯಲ್ಲಿ ಷೇರು ಕೊಳ್ಳಲಿಲ್ಲ. ಅದು ಕೊಂಡದ್ದು ಡಿಬೆಂಚರ್, ಅಂದರೆ ಸಾಲಪತ್ರ. ಅದಕ್ಕೆ ಬಡ್ಡಿಯೂ ಇಲ್ಲ. "ಐಚ್ಛಿಕವಾಗಿ ಪರಿವರ್ತಿಸಬಹುದಾದ ಶೂನ್ಯ ಬಡ್ಡಿಯ ಡಿಬೆಂಚರ್" ಎಂಬ ಸಾಲನ್ನು ಮೂರು ದಿನ ಓದಿದರೂ ತಲೆಗೆ ಹತ್ತಲಿಲ್ಲ.

ಅರ್ಥವಾದದ್ದು ಭೋಗ್ಯದ ಮನೆ ನೆನಪಾದಾಗ. ಮನೆಯನ್ನು ಭೋಗ್ಯಕ್ಕೆ ಹಾಕಿಕೊಂಡವರು ಒಂದು ಮೊತ್ತ ಕೊಡುತ್ತಾರೆ. ಅದಕ್ಕೆ ಬಡ್ಡಿ ಇಲ್ಲ, ಮನೆಗೆ ಬಾಡಿಗೆಯೂ ಇಲ್ಲ. ಬಡ್ಡಿಯ ಬದಲಿಗೆ ಸಿಗುವುದು ಮನೆಯಲ್ಲಿ ವಾಸ. ಬಡ್ಡಿ ಬಿಟ್ಟುಕೊಡುವವರು ಅದರ ಜಾಗದಲ್ಲಿ ಬೇರೇನನ್ನೋ ಪಡೆಯುತ್ತಿರುತ್ತಾರೆ. ಇಲ್ಲಿ ಪಡೆದದ್ದು "ಬೇಕೆನಿಸಿದಾಗ ಈ ಪತ್ರವನ್ನು ಷೇರಾಗಿ ಬದಲಿಸಿಕೊಳ್ಳುತ್ತೇನೆ" ಎಂಬ ಹಕ್ಕು. ಹೋಲಿಕೆ ಇಷ್ಟಕ್ಕೇ ನಿಲ್ಲಲಿ. ಭೋಗ್ಯದಲ್ಲಿ ಅವಧಿ ಮುಗಿದ ಮೇಲೆ ದುಡ್ಡು ವಾಪಸ್, ಮನೆ ಮಾಲೀಕರಿಗೆ. ಇಲ್ಲಿ ಮನೆಯನ್ನೇ ತನ್ನ ಹೆಸರಿಗೆ ಮಾಡಿಕೊಳ್ಳುವ ಆಯ್ಕೆ ದುಡ್ಡು ಕೊಟ್ಟವರದು.

ಅದು ಎಷ್ಟು ದೊಡ್ಡ ಆಯ್ಕೆ ಎಂದು ಲೆಕ್ಕ ಹಾಕಿ ನೋಡಿ (ಅಂಕಿಗಳು ನಾನೇ ಇಟ್ಟುಕೊಂಡವು, ಅಭ್ಯಾಸಕ್ಕೆ). ಖಾಸಗಿ ಕಂಪನಿಯ ಷೇರು ಬಂಡವಾಳ 1 ಲಕ್ಷ ರೂಪಾಯಿ. 10 ರೂಪಾಯಿಯ 10,000 ಷೇರು, ಎಲ್ಲವೂ ಪ್ರವರ್ತಕರದು. ಟ್ರಸ್ಟ್ 10 ಕೋಟಿ ರೂಪಾಯಿಯ ಡಿಬೆಂಚರ್ ಕೊಳ್ಳುತ್ತದೆ, 10 ರೂಪಾಯಿಗೆ ಒಂದು ಷೇರಿನಂತೆ ಬದಲಿಸಬಹುದು. ಬದಲಿಸುವ ಹಿಂದಿನ ದಿನ ಪ್ರವರ್ತಕರ ಪಾಲು ಶೇ 100. ಬದಲಿಸಿದ ದಿನ ಹೊಸ ಷೇರು 1 ಕೋಟಿ, ಒಟ್ಟು 1,00,10,000. ಪ್ರವರ್ತಕರ 10,000 ಷೇರು ಎಲ್ಲೂ ಹೋಗಿಲ್ಲ, ಒಂದನ್ನೂ ಮಾರಿಲ್ಲ. ಆದರೆ ಅವರ ಪಾಲು ಈಗ ಶೇ 0.1ರಷ್ಟು.

ಪೆನ್ನು ಹಿಡಿದು ಈ ಭಾಗಾಕಾರವನ್ನು ನೀವೇ ಮಾಡಿ. ಓದಿದರೆ ತಿಳಿದಂತೆ ಅನಿಸುತ್ತದೆ, ಮಾಡಿದರೆ ಮಾತ್ರ ಕೂರುತ್ತದೆ. ಮೇಲಿನ ಮಹಡಿ ಕೈಬದಲಾದರೆ ಕೆಳಗಿನ ಎರಡೂ ಅದರ ಹಿಂದೆಯೇ ಹೋಗುತ್ತವೆ, ಏಕೆಂದರೆ ಅವುಗಳ ಬೀಗದ ಕೈ ಇರುವುದು ಮೇಲೆ.

ಈಗ ನಮ್ಮ ಜಗಳಕ್ಕೆ ಬರೋಣ. ಡಿಬೆಂಚರ್‌ಗೆ ಮತದಾನದ ಹಕ್ಕಿಲ್ಲ, ಹಾಗಾಗಿ 2012ರಲ್ಲಿ ಷೇರುದಾರರ ಪಟ್ಟಿಯಲ್ಲಿ ಪ್ರವರ್ತಕರು ಬಹಲ್ ಅವರೇ. ಷೇರುಪೇಟೆಯ ನಿಯಂತ್ರಕ ಸೆಬಿಯ 2011ರ ಸ್ವಾಧೀನ ನಿಯಮದ ಪ್ರಕಾರ ನೋಂದಾಯಿತ ಕಂಪನಿಯಲ್ಲಿ ಶೇ 25 ಮತದಾನದ ಹಕ್ಕು ಅಥವಾ ನಿಯಂತ್ರಣ ಕೈಗೆ ಬಂದರೆ, ಉಳಿದ ಷೇರುದಾರರಿಂದ ಕನಿಷ್ಠ ಶೇ 26 ಕೊಳ್ಳುವ ಮುಕ್ತ ಕೊಡುಗೆ ಕೊಡಬೇಕು. ಆ ಕೊಡುಗೆ ಬಂದದ್ದು 2014ರಲ್ಲಿ. ಆ ವರ್ಷದ ಮೇ 29ರಂದು ರಿಲಯನ್ಸ್ ಆಡಳಿತ ಮಂಡಳಿ ಟ್ರಸ್ಟ್‌ಗೆ 4,000 ಕೋಟಿ ರೂಪಾಯಿವರೆಗೆ ಕೊಡಲು ಒಪ್ಪಿತು. ಡಿಬೆಂಚರ್‌ಗಳು ಷೇರಾದವು, ಬಹಲ್ ಹೊರಬಂದರು. ಗೆಳತಿಯ ಉತ್ತರ ಸರಿ.

ಆದರೆ ಕಂಪನಿಗಳ ವಿಲೀನ, ಸ್ವಾಧೀನಗಳನ್ನು ಪರಿಶೀಲಿಸುವ ಸ್ಪರ್ಧಾ ಆಯೋಗ 2012ರ ಮೇ ತಿಂಗಳಲ್ಲೇ, ಇದೇ ಡಿಬೆಂಚರ್‌ಗಳು ಆ ಆರು ಕಂಪನಿಗಳ ಮೇಲೆ ನಿರ್ಣಾಯಕ ಪ್ರಭಾವ ಬೀರುವ ಶಕ್ತಿ ಕೊಡುತ್ತವೆ, ಸ್ಪರ್ಧಾ ಕಾಯ್ದೆಯ ಮಟ್ಟಿಗೆ ಅದು ನಿಯಂತ್ರಣವೇ ಎಂದು ಹೇಳಿ ಅನುಮತಿ ಕೊಟ್ಟಿತ್ತು. ನನ್ನ ಉತ್ತರಕ್ಕೂ ನೆಲೆಯಿದೆ. ಪರೀಕ್ಷೆಯಲ್ಲಿ ಎರಡೂ ವರ್ಷ ಬರೆಯಿರಿ, ಯಾವ ಕಾನೂನಿನ ಕಣ್ಣಿಂದ ನೋಡುತ್ತಿದ್ದೀರಿ ಎಂಬುದನ್ನೂ ಬರೆಯಿರಿ.

ಎರಡನೇ ಮನೆ

ಬಹಲ್ ಮತ್ತು ಪತ್ನಿ ರಿತು ಕಪೂರ್ ಮುಂದೆ ಕಟ್ಟಿದ್ದು ಕ್ವಿಂಟಿಲಿಯನ್ ಮೀಡಿಯಾ. ರಿತು ಅವರೂ ಟಿವಿಯಿಂದಲೇ ಬಂದವರು. ಸಿಎನ್‌ಎನ್-ಐಬಿಎನ್‌ನ 'ಸಿಟಿಜನ್ ಜರ್ನಲಿಸ್ಟ್' ಕಾರ್ಯಕ್ರಮ ಅವರದು. 'ದಿ ಕ್ವಿಂಟ್' 2015ರ ಆರಂಭದಲ್ಲಿ ಮೊದಲು ಫೇಸ್‌ಬುಕ್ ಪುಟವಾಗಿ ಬಂತು, ವೆಬ್‌ಸೈಟ್ ತೆರೆದದ್ದು ಮಾರ್ಚ್‌ನಲ್ಲಿ. ಕೇಬಲ್‌ನವರಿಗೆ ದುಡ್ಡು ಕಟ್ಟಿ ಓದುಗರನ್ನು ತಲುಪುವ ತಾಪತ್ರಯ ಇಲ್ಲಿರಲಿಲ್ಲ.

2016ರಲ್ಲಿ ಬ್ಲೂಮ್‌ಬರ್ಗ್ ಜೊತೆ ಸೇರಿ ಬ್ಲೂಮ್‌ಬರ್ಗ್‌ಕ್ವಿಂಟ್. ವೆಬ್‌ಸೈಟ್ ನಡೆಯಿತು. ಟಿವಿ ಚಾನೆಲ್‌ಗೆ ಬೇಕಾದ ಸರ್ಕಾರದ ಅನುಮತಿ ಮಾತ್ರ ಬರಲಿಲ್ಲ, 2020ರಲ್ಲಿ ಟಿವಿ ವಿಭಾಗ ನಿಲ್ಲಿಸಬೇಕಾಯಿತು. ದೂರದರ್ಶನದಲ್ಲಿ ಕಸುಬು ಕಲಿತು ಸಾಲು ಸಾಲು ಚಾನೆಲ್ ಕಟ್ಟಿದವರಿಗೆ ಕೊನೆಗೆ ಒಂದು ಚಾನೆಲ್ ದಕ್ಕಲಿಲ್ಲ. ಇಡೀ ಅಧ್ಯಾಯದಲ್ಲಿ ನನಗೆ ತುಂಬ ನೋವು ತಂದ ಸಾಲು ಇದು.

2023ರ ಮಾರ್ಚ್‌ನಲ್ಲಿ ಅದಾನಿ ಸಮೂಹ ಈ ವ್ಯಾಪಾರ ಸುದ್ದಿ ಕಂಪನಿಯ ಶೇ 49 ಪಾಲನ್ನು ಸುಮಾರು 48 ಕೋಟಿ ರೂಪಾಯಿಗೆ ಕೊಂಡಿತು. ಉಳಿದ ಪಾಲನ್ನೂ ಅದೇ ವರ್ಷ ಕೊಂಡಿತು, ತಾಣದ ಹೆಸರು ಎನ್‌ಡಿಟಿವಿ ಪ್ರಾಫಿಟ್ ಆಯಿತು. "ಕ್ವಿಂಟ್ ಮಾರಾಟವಾಯಿತು" ಎಂದು ಇಲ್ಲಿ ಬರೆದರೆ ಅಂಕ ಹೋಗುತ್ತದೆ, ನಾನೂ ಮೊದಲು ಹಾಗೇ ಬರೆದಿದ್ದೆ. ದುಡ್ಡು ಯಾವ ಮಹಡಿಗೆ ಬಂತು ಎಂದು ಮತ್ತೆ ಕೇಳಿಕೊಳ್ಳಿ. ಈ ಸಲ ಅದು ಮೇಲಿನ ಮಹಡಿಗೆ ಬರಲಿಲ್ಲ. ಮಾರಿದ್ದು ಕೆಳಗಿನ ಒಂದು ಕೋಣೆಯನ್ನು, ಅಂದರೆ ವ್ಯಾಪಾರ ಸುದ್ದಿಯ ಕ್ವಿಂಟಿಲಿಯನ್ ಬಿಸಿನೆಸ್ ಮೀಡಿಯಾವನ್ನು ಮಾತ್ರ. 'ದಿ ಕ್ವಿಂಟ್' ಇದ್ದದ್ದು ಪಕ್ಕದ ಕೋಣೆಯಲ್ಲಿ.