ಮುಚ್ಚಿದ ಬಾನೆಟ್ಟನ್ನು ಕಾರು ‘ತೆರೆದಿದೆ’ ಅನ್ನುವುದೇಕೆ?

ಓದುಗರ ಪ್ರಶ್ನೆ: ನಮ್ಮ ಮನೆ ಕಾರವಾರದ ಕೋಡಿಬಾಗದಲ್ಲಿ. ಕಾರಿಗೆ ಆರು ವರ್ಷ ಆಯ್ತು. ಮಳೆಗಾಲ ಶುರುವಾದಾಗಿನಿಂದ ಬೆಳಗಿನ ಜಾವ ನಾಲ್ಕಕ್ಕೋ ಐದಕ್ಕೋ ಸೈರನ್ ಹೊಡೆದುಕೊಳ್ಳುತ್ತದೆ. ಎದ್ದು ಹೋಗಿ ನೋಡಿದರೆ ಯಾರೂ ಇಲ್ಲ. ಡ್ಯಾಶ್‌ಬೋರ್ಡಿನಲ್ಲಿ ಬಾನೆಟ್ ತೆರೆದಿರುವ ಚಿತ್ರ ಬರುತ್ತದೆ, ಆದರೆ ಬಾನೆಟ್ ಗಟ್ಟಿಯಾಗಿ ಮುಚ್ಚಿದೆ. ಗ್ಯಾರೇಜಿಗೆ ಒಯ್ದರೆ ಚಿತ್ರವೇ ಇರುವುದಿಲ್ಲ. ಸೆನ್ಸರ್ ಹೋಗಿದೆ, ಬದಲಿಸಿ ಅನ್ನುತ್ತಾರೆ. ನಿಜವಾಗಿ ಹೋಗಿದೆಯಾ? ನಾನೇ ಬದಲಿಸಬಹುದಾ?

ಉತ್ತರ: ನೀವೇ ಬದಲಿಸಬಹುದು. ಆದರೆ ಇವತ್ತೇ ಅಂಗಡಿಗೆ ಓಡಬೇಡಿ. ನಮ್ಮ ಕರಾವಳಿಯಲ್ಲಿ ಈ ದೂರು ಬಂದಾಗ ಸ್ವಿಚ್ಚಿಗಿಂತ (ಗ್ಯಾರೇಜಿನವರು ಸೆನ್ಸರ್ ಅನ್ನುವುದು ಇದನ್ನೇ) ಮೊದಲು ಅದಕ್ಕೆ ವಯರನ್ನು ಸೇರಿಸುವ ಕನೆಕ್ಟರ್ ಮೇಲೆ ನನಗೆ ಅನುಮಾನ. ಅದಕ್ಕೂ ಮೊದಲು ಬಾನೆಟ್ ಕೂರುವ ಎತ್ತರದ ಮೇಲೆ. ಸ್ವಿಚ್ ನನ್ನ ಲೆಕ್ಕದಲ್ಲಿ ಮೂರನೆಯದು.

ಸೆನ್ಸರ್ ಅಂದ ಕೂಡಲೇ ಏನೋ ದೊಡ್ಡದು ಅಂದುಕೊಳ್ಳಬೇಡಿ. ಹೆಚ್ಚಿನ ಕಾರುಗಳಲ್ಲಿ ಅದು ಬರೀ ಒಂದು ಸ್ವಿಚ್. ಫ್ರಿಜ್ ಬಾಗಿಲು ತೆಗೆದರೆ ಒಳಗೆ ದೀಪ ಹತ್ತುತ್ತದಲ್ಲ, ಅದೇ ಜಾತಿಯದು. ಇದರಲ್ಲಿ ಎರಡು ಬಗೆ. ಹಳೆಯ ಬಗೆಯಲ್ಲಿ ಎಂಜಿನ್ ಕೋಣೆಯ ಅಂಚಿನಲ್ಲಿ ಒಂದು ಸಣ್ಣ ಗುಂಡಿ ಎದ್ದು ನಿಂತಿರುತ್ತದೆ. ಬಾನೆಟ್ ಮುಚ್ಚಿದರೆ ಅದು ಒತ್ತಿಕೊಳ್ಳುತ್ತದೆ. ಈಚಿನ ಕಾರುಗಳಲ್ಲಿ ಸ್ವಿಚ್ ಬಾನೆಟ್ ಲಾಕಿನೊಳಗೇ ಅಡಗಿರುತ್ತದೆ. ಲಾಕಿನ ಕೊಕ್ಕೆ ತಿರುಗಿದಾಗ ಒಳಗಿನ ಪುಟ್ಟ ಸ್ವಿಚ್ ಟಿಕ್ ಅನ್ನುತ್ತದೆ. ಲಾಕಿನ ಹತ್ತಿರ ಎರಡು ತೆಳು ವಯರು ಹೋಗಿದ್ದರೆ ಅದೇ. ಕಡಿಮೆ ಬೆಲೆಯ ಎಷ್ಟೋ ಮಾಡೆಲ್ಲುಗಳಲ್ಲಿ ಈ ಸ್ವಿಚ್ಚೇ ಇರುವುದಿಲ್ಲ. ಹೊರಗಿನಿಂದ ಹಾಕಿಸಿದ ಅಲಾರಂ ಆಗಿದ್ದರೆ ಅದರ ಅಲುಗಾಟದ ಸೆನ್ಸರ್ ಗುಡುಗಿಗೂ ಹೊಡೆದುಕೊಳ್ಳುತ್ತದೆ. ಅದು ಬೇರೆ ಕಥೆ. ನಿಮ್ಮ ಕಾರಿನಲ್ಲಿ ಚಿತ್ರ ಬರುತ್ತಿದೆ, ಹಾಗಾಗಿ ಸ್ವಿಚ್ ಇದೆ.

ಇನ್ನು ಬೆಳಗಿನ ಜಾವವೇ ಯಾಕೆ ಅನ್ನುವುದು. ಕಾರಿನ ಕಂಪ್ಯೂಟರ್ ಈ ವಯರಿನಲ್ಲಿ ಸಣ್ಣ ಕರೆಂಟು ಬಿಟ್ಟು ನೋಡುತ್ತಿರುತ್ತದೆ. ಕೆಲವು ಕಾರುಗಳಲ್ಲಿ ಬಾನೆಟ್ ಮುಚ್ಚಿದಾಗ ಕರೆಂಟು ಹರಿಯಬೇಕು, ಕೆಲವದರಲ್ಲಿ ಹರಿಯುವುದು ನಿಲ್ಲಬೇಕು. ಮೊದಲ ಬಗೆಯಲ್ಲಿ ಕನೆಕ್ಟರ್ ಪಿನ್ನಿಗೆ ಹಸಿರು ಕಿಲುಬು ಹಿಡಿದರೆ ದಾರಿ ಕಡಿಯುತ್ತದೆ. ಎರಡನೆಯದರಲ್ಲಿ ಉಪ್ಪು ಕೂತ ಪಿನ್ನುಗಳ ನಡುವೆ ತೇವ ಸೇರಿದರೆ ಬೇಡದ ದಾರಿ ಹುಟ್ಟುತ್ತದೆ. ಎರಡರಲ್ಲೂ ಕಾರಿಗೆ ಅನಿಸುವುದು ಒಂದೇ, ಬಾನೆಟ್ ಯಾರೋ ತೆಗೆದರು! ರಾತ್ರಿಯೆಲ್ಲ ತಣ್ಣಗಾದ ಲೋಹದ ಮೇಲೆ ಬೆಳಗಿನ ಜಾವ ಇಬ್ಬನಿ ಕೂರುತ್ತದೆ. ಕಾಳಿ ನದಿ ಸಮುದ್ರ ಸೇರುವ ಜಾಗದಲ್ಲಿ ಇದ್ದೀರಿ, ಗಾಳಿಯಲ್ಲಿ ಉಪ್ಪಿಗೆ ಬರವಿಲ್ಲ. ಉಪ್ಪು ಗಾಳಿಯ ತೇವವನ್ನು ಎಳೆದುಕೊಳ್ಳುತ್ತದೆ. ಅಡುಗೆಮನೆಯ ಉಪ್ಪಿನ ಡಬ್ಬಿ ಆಷಾಢದಲ್ಲಿ ನೀರಾಗುವುದು ನೋಡಿದ್ದೀರಲ್ಲ, ಹಾಗೆಯೇ. ಹತ್ತು ಗಂಟೆಗೆ ನೀವು ಗ್ಯಾರೇಜು ತಲುಪುವಷ್ಟರಲ್ಲಿ ಎಂಜಿನ್ ಬಿಸಿಗೆ ಎಲ್ಲ ಒಣಗಿರುತ್ತದೆ. ಮೆಕ್ಯಾನಿಕ್ ಎದುರು ಕಾರು ಸಾಧು.

ಮೆಕ್ಯಾನಿಕ್ ಸುಳ್ಳು ಹೇಳುತ್ತಿಲ್ಲ, ನೀವೂ ಹೇಳುತ್ತಿಲ್ಲ. ಸೈರನ್ ಹೊಡೆದ ಬೆಳಿಗ್ಗೆಯೇ, ಎಂಜಿನ್ ಶುರು ಮಾಡುವ ಮೊದಲೇ ನೋಡಬೇಕು, ಅಷ್ಟೇ.

ಮೊದಲು ಬಾನೆಟ್. ಅದನ್ನು ಕೈಯಿಂದ ಒತ್ತಿ ಮುಚ್ಚುವ ಅಭ್ಯಾಸ ಇದ್ದರೆ ಬಿಡಿ. ಒಂದಡಿ ಎತ್ತರದಿಂದ ಕೈಬಿಡಿ, ತಾನೇ ಬಿದ್ದು ಲಾಕ್ ಆಗಲಿ. ಮುಚ್ಚಿದ ಮೇಲೆ ಎರಡೂ ಬದಿ ಸಂದು ಒಂದೇ ಸಮ ಇದೆಯಾ ನೋಡಿ. ಚಿತ್ರ ಬಂದಿರುವಾಗ ಲಾಕಿನ ನೇರಕ್ಕೆ ಬಾನೆಟ್ಟನ್ನು ಅಂಗೈಯಿಂದ ಮೆಲ್ಲಗೆ ಅದುಮಿ. ಅದುಮಿದಾಗ ಚಿತ್ರ ಹೋಗಿ ಬಿಟ್ಟಾಗ ಮತ್ತೆ ಬಂದರೆ ಸ್ವಿಚ್ ಸರಿಯಾಗಿಯೇ ಇದೆ, ಬಾನೆಟ್ ಎತ್ತರದಲ್ಲಿ ಕೂತಿದೆ. ಮುಂದಿನ ಮೂಲೆಗಳಲ್ಲಿ ರಬ್ಬರ್ ಗುಬುಟುಗಳು ಇರುತ್ತವೆ. ಹೆಚ್ಚಿನವು ಸ್ಕ್ರೂ ಥರ ತಿರುಗುತ್ತವೆ. ಅರ್ಧ ಸುತ್ತು ಇಳಿಸಿ ನೋಡಿ. ಗುಂಡಿ ಬಗೆಯ ಸ್ವಿಚ್ ಆದರೆ ಬಾನೆಟ್ಟಿನ ಕೆಳಮೈಯಲ್ಲಿ ಗುಂಡಿಯನ್ನು ಒತ್ತುವ ರಬ್ಬರ್ ತುಂಡು ಇದೆಯೋ, ಉದುರಿದೆಯೋ ನೋಡಿ. ಅದು ಉದುರಿದ್ದರೆ ಗುಂಡಿ ಅರ್ಧವೇ ಒತ್ತುತ್ತದೆ. ಸ್ವಿಚ್ ಎಷ್ಟು ಸಲ ಬದಲಿಸಿದರೂ ಅಷ್ಟೇ.

ನನ್ನದೇ ಕಾರಿನಲ್ಲಿ ಆದದ್ದು ಹೇಳುತ್ತೇನೆ. ಒಂದು ಕಡೆ ಅಲಾರಂ ಯೂನಿಟ್ಟೇ ಬದಲಿಸಬೇಕು ಅಂದರು. ದೊಡ್ಡ ಮೊತ್ತ. ಒಂದು ವಾರ ತಡೆಯಿರಿ ಅಂತ ಬಂದೆ. ಕೊನೆಗೆ ನೋಡಿದರೆ, ಮುಂದಿನ ಬಂಪರ್ ಯಾವಾಗಲೋ ಗೋಡೆಗೆ ತಾಗಿ ಲಾಕ್ ಕೂತ ಪಟ್ಟಿ ಒಂದು ಎಳೆಯಷ್ಟು ಬಾಗಿತ್ತು. ಬೋಲ್ಟ್ ಸಡಿಲಿಸಿ ಲಾಕನ್ನು ಸರಿ ಮಾಡಿ ಬಿಗಿದೆ. ಖರ್ಚು ಸೊನ್ನೆ. ಗೋಡೆಗೆ ತಾಗಿಸಿದ್ದು ಯಾರು ಅನ್ನುವುದು ಮನೆಯಲ್ಲಿ ಇನ್ನೂ ತೀರ್ಮಾನವಾಗಿಲ್ಲ.

ಬಾನೆಟ್ ಸರಿ ಇದ್ದರೆ ಕನೆಕ್ಟರ್ ನೋಡಿ. ಎಂಜಿನ್ ತಣ್ಣಗಿರಲಿ, ಕೀ ತೆಗೆದಿರಲಿ. ರೇಡಿಯೇಟರ್ ಫ್ಯಾನ್ ಕೆಲವು ಕಾರುಗಳಲ್ಲಿ ಕೀ ತೆಗೆದ ಮೇಲೂ ತಿರುಗುತ್ತದೆ, ಕೈ ದೂರ ಇಡಿ. ಲಾಕಿನ ಆಸುಪಾಸಿನಲ್ಲಿ ಹಳದಿ ಬಣ್ಣದ ಕನೆಕ್ಟರ್ ಕಂಡರೆ ಮುಟ್ಟಬೇಡಿ, ಅದು ಸಾಮಾನ್ಯವಾಗಿ ಏರ್‌ಬ್ಯಾಗಿಗೆ ಸೇರಿದ್ದು. ಹಾರ್ನಿನ ಕನೆಕ್ಟರಿಗೂ ಎರಡೇ ವಯರು, ಅದೂ ಅಲ್ಲೇ ಇರುತ್ತದೆ. ವಯರು ಹಿಡಿದು ಲಾಕಿನ ತನಕ ಬೆರಳು ಓಡಿಸಿ ಖಚಿತ ಮಾಡಿಕೊಳ್ಳಿ.

ಕನೆಕ್ಟರಿನ ನಾಲಿಗೆ ಒತ್ತಿ ಬಿಡಿಸಿ. ವಯರು ಹಿಡಿದು ಎಳೆಯಬೇಡಿ. ಒಳಗೆ ಹಸಿರೋ ಬಿಳಿಯೋ ಪುಡಿ ಇದ್ದರೆ ಕಳ್ಳ ಸಿಕ್ಕಿದ ಹಾಗೆ. ಕಾಂಟ್ಯಾಕ್ಟ್ ಕ್ಲೀನರ್ ಸ್ಪ್ರೇ ಹೊಡೆದು ಹಳೆಯ ಟೂತ್‌ಬ್ರಷ್ಷಿನಲ್ಲಿ ಉಜ್ಜಿ. ಪೂರ್ತಿ ಒಣಗಲು ಬಿಡಿ, ಮಳೆಗಾಲದಲ್ಲಿ ಸ್ವಲ್ಪ ಜಾಸ್ತಿ ಹೊತ್ತೇ ಬಿಡಿ. ಆಮೇಲೆ ಕನೆಕ್ಟರಿಗೆಂದೇ ಸಿಗುವ ಸಿಲಿಕೋನ್ ಗ್ರೀಸ್ ಒಂದು ಚೂರು ಹಚ್ಚಿ ಸೇರಿಸಿ. ನಮ್ಮ ಕಡೆ ಕಿರುಗುಟ್ಟುವ ಬಾಗಿಲಿನಿಂದ ಹಿಡಿದು ಎಲ್ಲದಕ್ಕೂ ತೆಂಗಿನೆಣ್ಣೆ ಅಲ್ವಾ? ಇಲ್ಲಿ ಬೇಡ. ಧೂಳನ್ನು ಕರೆದು ಕೂರಿಸಿಕೊಳ್ಳುತ್ತದೆ. ತೆಂಗಿನೆಣ್ಣೆ ಸುಮಾರು 24 ಡಿಗ್ರಿಗಿಂತ ಕೆಳಗೆ ಗಟ್ಟಿಯಾಗುತ್ತದೆ. ಕಾರವಾರದಲ್ಲಿ ಸುಮ್ಮನಿದ್ದೀತು, ಡಿಸೆಂಬರಿನಲ್ಲಿ ಶಿರಸಿಯ ನೆಂಟರ ಮನೆ ಅಂಗಳದಲ್ಲಿ ಕಾರು ನಿಲ್ಲಿಸಿದ ರಾತ್ರಿ ಗುಂಡಿಯನ್ನೇ ಹಿಡಿದುಕೊಂಡೀತು.

ಎಷ್ಟೋ ಜನರ ಕೆಲಸ ಇಲ್ಲಿಗೇ ಮುಗಿಯುತ್ತದೆ. ನಾಲ್ಕೈದು ಬೆಳಗಿನ ಜಾವ ಕಾದು ನೋಡಿ. ಮತ್ತೆ ಹೊಡೆದುಕೊಂಡರೆ ಮಲ್ಟಿಮೀಟರ್ ತನ್ನಿ. ಎಲೆಕ್ಟ್ರಿಕಲ್ ಅಂಗಡಿಯಲ್ಲಿ ಸಿಗುವ ಅಗ್ಗದ್ದೇ ಸಾಕು.

ಮೀಟರನ್ನು ಬೀಪ್ ಅನ್ನುವ ಜಾಗಕ್ಕೆ ಇಟ್ಟು ಎರಡು ಕಡ್ಡಿಗಳನ್ನು ಸ್ವಿಚ್ ಕಡೆಯ ಪಿನ್ನುಗಳಿಗೆ ಹಿಡಿಯಿರಿ. ಲಾಕಿನೊಳಗಿನ ಸ್ವಿಚ್ ಆದರೆ ಅದನ್ನು ಒತ್ತುವುದು ಹೇಗೆ? ಬಾನೆಟ್ ಮೇಲೆತ್ತಿಯೇ ಇರಲಿ. ಸ್ಕ್ರೂ ಡ್ರೈವರಿನಿಂದ ಲಾಕಿನ ಕೊಕ್ಕೆಯನ್ನು ಕೆಳಗೆ ಅದುಮಿ, ಟಕ್ ಎಂದು ಮುಚ್ಚಿಕೊಳ್ಳುತ್ತದೆ. ಈಗ ಲಾಕಿನ ಪಾಲಿಗೆ ಬಾನೆಟ್ ಮುಚ್ಚಿದೆ. ಮೀಟರ್ ಓದು ಬದಲಾಗಬೇಕು. ಬೀಪ್ ಇದ್ದದ್ದು ನಿಲ್ಲಬಹುದು, ಇಲ್ಲದ್ದು ಶುರುವಾಗಬಹುದು, ಯಾವುದಾದರೂ ಸರಿ. ಕೆಲವು ಸ್ವಿಚ್ಚುಗಳಲ್ಲಿ ಒಳಗೆ ರೆಸಿಸ್ಟರ್ (ಕರೆಂಟಿಗೆ ತಡೆ ಒಡ್ಡುವ ಪುಟ್ಟ ಬಿಡಿಭಾಗ) ಇರುವುದರಿಂದ ಬೀಪ್ ಬರುವುದೇ ಇಲ್ಲ. ಅಂಥದ್ದರಲ್ಲಿ ಮೀಟರನ್ನು ಓಮ್ (Ω) ಜಾಗಕ್ಕೆ ತಿರುಗಿಸಿ, ಅಂಕಿ ಬದಲಾಗುತ್ತದೆಯೇ ನೋಡಿ. ಹತ್ತು ಸಲ ಮುಚ್ಚಿ ತೆಗೆದಾಗ ಹತ್ತು ಸಲವೂ ಓದು ಹೀಗೆ ಬದಲಾದರೆ ಸ್ವಿಚ್ ಚೆನ್ನಾಗಿದೆ. ಏಳು ಸಲ ಸರಿ, ಮೂರು ಸಲ ತಪ್ಪು ಅಂದರೆ ಅದೇ ನಿಮ್ಮ ನಿದ್ದೆ ಕೆಡಿಸಿದ್ದು.

ಒಂದು ಎಚ್ಚರಿಕೆಯನ್ನು ಮಾತ್ರ ಮರೆಯಬೇಡಿ. ಬಾನೆಟ್ ಇಳಿಸುವ ಮೊದಲು ಸೀಟಿನ ಬಳಿಯ ಲಿವರ್ ಎಳೆದು ಲಾಕಿನ ಕೊಕ್ಕೆ ಬಿಡಿಸಿ. ಕೊಕ್ಕೆ ಮುಚ್ಚಿದ್ದ ಹಾಗೇ ಬಾನೆಟ್ ಬೀಳಿಸಿದರೆ ಬಾನೆಟ್ಟೋ ಲಾಕೋ ಎರಡರಲ್ಲಿ ಒಂದು ಬಾಗುತ್ತದೆ.

ಸ್ವಿಚ್ ಚೆನ್ನಾಗಿದ್ದೂ ಚಿತ್ರ ಹೋಗದಿದ್ದರೆ ಕಾರಿನ ಕಡೆಯ ವಯರನ್ನು ಪರೀಕ್ಷಿಸಿ. ಕನೆಕ್ಟರ್ ಬಿಡಿಸಿಯೇ ಇರಲಿ, ಕೀ ಆನ್ ಮಾಡಿ ಡ್ಯಾಶ್‌ಬೋರ್ಡ್ ನೋಡಿ. ಆಮೇಲೆ ಕಾರಿನ ಕಡೆಯ ಎರಡು ಪಿನ್ನುಗಳಿಗೆ ತೆಳುವಾದ ವಯರಿನ ತುಂಡು ಸೇರಿಸಿ ಮತ್ತೆ ನೋಡಿ. ಎರಡರಲ್ಲಿ ಒಂದು ಸಲ ಚಿತ್ರ ಬಂದು ಇನ್ನೊಂದು ಸಲ ಹೋದರೆ ವಯರು ಸರಿ ಇದೆ. ಎರಡೂ ಸಲ ಒಂದೇ ಆದರೆ ವಯರು ಎಲ್ಲೋ ಕಡಿದಿದೆ, ಇಲ್ಲವೇ ಅರ್ಥಿಂಗ್ ಹೋಗಿದೆ. ಮೂರು ವಯರಿನದ್ದಾದರೆ, ರೆಸಿಸ್ಟರ್ ಇರುವ ಬಗೆಯಾದರೆ ಈ ತುಂಡು ಸೇರಿಸುವ ಆಟ ಬೇಡ, ಆಟೊ ಎಲೆಕ್ಟ್ರಿಷಿಯನ್ ಹತ್ತಿರ ಬಿಡಿ.

ಆ ವಯರಿನ ತುಂಡನ್ನೇ ಖಾಯಂ ಬಿಟ್ಟು ‘ರಿಪೇರಿ ಆಯ್ತು’ ಅನ್ನುವವರೂ ಇದ್ದಾರೆ. ಸೈರನ್ ಸುಮ್ಮನಾಗುತ್ತದೆ, ನಿಜ. ಆದರೆ ಬಾನೆಟ್ ಅರೆಬರೆ ಮುಚ್ಚಿ ಹೆದ್ದಾರಿ 66ರಲ್ಲಿ ಅಂಕೋಲೆಯ ಕಡೆ ಹೊರಟ ದಿನ ಹೇಳುವವರು ಯಾರೂ ಇರುವುದಿಲ್ಲ. ವೇಗದಲ್ಲಿ ಎದ್ದ ಬಾನೆಟ್ ನೇರ ಗಾಜಿಗೆ ಬಡಿಯುತ್ತದೆ. ರಿಮೋಟಿನಿಂದ ಎಂಜಿನ್ ಶುರುವಾಗುವ ಕಾರಿನಲ್ಲಂತೂ ಈ ಸ್ವಿಚ್ ಇರುವುದೇ ಬಾನೆಟ್ ಒಳಗೆ ಕೈ ಹಾಕಿದವರ ಬೆರಳು ಉಳಿಯಲಿ ಅಂತ. ಹುಬ್ಬಳ್ಳಿಗೆ ಹೋದಾಗ ಸಿಗ್ನಲ್‌ನಲ್ಲಿ ತಾನೇ ಆಫ್ ಆಗಬೇಕಿದ್ದ ಎಂಜಿನ್ ಈಚೆಗೆ ಆಗುತ್ತಿಲ್ಲವೇ? ಅದಕ್ಕೂ ಇದೇ ಸ್ವಿಚ್ ಕಾರಣ ಇರಬಹುದು.

ಬದಲಿಸುವ ಕೆಲಸ ನಿಜಕ್ಕೂ ಸಣ್ಣದು. ಬ್ಯಾಟರಿಯ ಮೈನಸ್ ವಯರು ತೆಗೆಯಿರಿ, ಹೆಚ್ಚಿನ ಕಾರುಗಳಿಗೆ 10ರ ಪಾನಾ ಸಾಕು. ಗಡಿಯಾರ ಮತ್ತೆ ಇಡಬೇಕಾಗುತ್ತದೆ, ಕೆಲವದರಲ್ಲಿ ಒಂದೇ ಒತ್ತಿಗೆ ಮೇಲೇರುವ ಕಿಟಕಿಗೂ ಮತ್ತೆ ಪಾಠ ಹೇಳಬೇಕಾಗುತ್ತದೆ. ಗುಂಡಿ ಬಗೆಯದ್ದು ಒಂದು ಸ್ಕ್ರೂನಲ್ಲೋ ಕಾಲು ಸುತ್ತಿನಲ್ಲೋ ಕಳಚಿ ಬರುತ್ತದೆ. ಒಂದೇ ವಯರಿನ ಗುಂಡಿ ಆದರೆ ಅದಕ್ಕೆ ಅರ್ಥಿಂಗ್ ಸಿಗುವುದು ಅದು ಕೂತ ತಗಡಿನಿಂದ. ಅಲ್ಲಿನ ತುಕ್ಕನ್ನು ಮರಳು ಕಾಗದದಲ್ಲಿ ಉಜ್ಜದೆ ಹೊಸದು ಹಾಕಿದರೆ ಹೊಸದೂ ಕೆಲಸ ಮಾಡುವುದಿಲ್ಲ. ಹಾಕುವ ಮೊದಲು ಹಳೆಯದರ ಪಕ್ಕ ಹೊಸದನ್ನು ಹಿಡಿದು ಗುಂಡಿಯ ಉದ್ದ ಹೋಲಿಸಿ.

ಲಾಕಿನೊಳಗಿನದ್ದು ಆದರೆ ಮೇಲಿನ ಪ್ಲಾಸ್ಟಿಕ್ ಮುಚ್ಚಳದ ಕ್ಲಿಪ್ಪುಗಳನ್ನು ಮೆಲ್ಲಗೆ ಎಬ್ಬಿಸಿ. ಹಳೆಯ ಕ್ಲಿಪ್ಪುಗಳಲ್ಲಿ ಒಂದೆರಡು ಮುರಿದೇ ಮುರಿಯುತ್ತವೆ, ಬೇಸರ ಬೇಡ. ಲಾಕ್ ಬಿಚ್ಚುವ ಮೊದಲು ಅದು ಕೂತ ಜಾಗದ ಸುತ್ತ ಮಾರ್ಕರಿನಿಂದ ಗೆರೆ ಎಳೆಯಿರಿ. ವಾಪಸ್ ಅದೇ ಗೆರೆಯೊಳಗೆ ಕೂರಿಸಿದರೆ ಬಾನೆಟ್ ಸಂದು ಹೆಚ್ಚುಕಡಿಮೆ ಆಗುವುದಿಲ್ಲ. ಈ ಗೆರೆ ಎಳೆಯದೆ ನಾನು ಒಮ್ಮೆ ಒಂದು ಮಧ್ಯಾಹ್ನ ಪೂರ್ತಿ ಕಳೆದಿದ್ದೇನೆ. ಕೆಲವು ಕಾರುಗಳಲ್ಲಿ ಸ್ವಿಚ್ ಒಂದೇ ಸಿಗುತ್ತದೆ, ಕೆಲವದರಲ್ಲಿ ಲಾಕ್ ಸಮೇತವೇ ಕೊಳ್ಳಬೇಕು. ಆರ್‌ಸಿಯಲ್ಲಿರುವ ಚಾಸಿ ನಂಬರ್ ತೋರಿಸಿ ಕೇಳಿದರೆ ಸರಿಯಾದದ್ದು ಸಿಗುತ್ತದೆ. ಹಾಕಿದ ಮೇಲೆ ಬಾನೆಟ್ ಮುಚ್ಚುವ ಮೊದಲೇ ಸ್ಕ್ರೂ ಡ್ರೈವರ್ ಪರೀಕ್ಷೆ ಇನ್ನೊಮ್ಮೆ ಮಾಡಿ. ಲಿವರ್ ಎಳೆದಾಗ ಕೊಕ್ಕೆ ಸಲೀಸಾಗಿ ಬಿಡುತ್ತದೆಯೇ ಅನ್ನುವುದನ್ನೂ ಆಗಲೇ ನೋಡಿಕೊಳ್ಳಿ. ಕೇಬಲ್ ಸರಿಯಾಗಿ ಕೂರದೆ ಬಾನೆಟ್ ಮುಚ್ಚಿದರೆ ಮತ್ತೆ ತೆಗೆಯುವುದು ದೊಡ್ಡ ಫಜೀತಿ.

ಕೊನೆಗೆ ಅಲಾರಂ. ಒಂದು ಕಿಟಕಿ ಇಳಿಸಿ, ರಿಮೋಟಿನಿಂದ ಲಾಕ್ ಮಾಡಿ, ಒಂದು ನಿಮಿಷ ಕಾದು, ಕಿಟಕಿಯಿಂದ ಕೈ ಹಾಕಿ ಬಾನೆಟ್ ಲಿವರ್ ಎಳೆಯಿರಿ. ಬಾನೆಟ್ ಎತ್ತಿದಾಗಲಾದರೂ ಸೈರನ್ ಹೊಡೆಯಬೇಕು. ಇದನ್ನು ಮಧ್ಯಾಹ್ನ ಊಟ ಮಾಡಿ ಎಲ್ಲರೂ ಮಲಗಿದ ಹೊತ್ತಿನಲ್ಲಿ ಮಾಡಬೇಡಿ.

ಅಲ್ಲಿಯತನಕ ರಾತ್ರಿ ಏನು ಮಾಡುವುದು? ಹಲವು ಕಾರುಗಳಲ್ಲಿ ಬಾಗಿಲನ್ನು ರಿಮೋಟ್ ಬಿಟ್ಟು ಕೀಯಿಂದಲೇ ತಿರುಗಿಸಿ ಲಾಕ್ ಮಾಡಿದರೆ ಅಲಾರಂ ಚಾಲೂ ಆಗುವುದಿಲ್ಲ. ಇವತ್ತು ರಾತ್ರಿ ಹಾಗೆ ಮಾಡಿ ಮಲಗಿ. ಬೆಳಿಗ್ಗೆ ಎದ್ದವರೇ, ಚಹಾಕ್ಕೂ ಮೊದಲು, ಕನೆಕ್ಟರ್ ಬಿಡಿಸಿ ನೋಡಿ.