ಸ್ಪೀಡ್‌ವೇಯಲ್ಲಿ ಗೆಲ್ಲುವವರು ಗ್ರಾಸ್‌ಟ್ರ್ಯಾಕ್‌ನಲ್ಲೂ ಗೆಲ್ಲಬೇಕಲ್ಲವೇ?

ಪ್ರಶ್ನೆ: ಪುಡಿಗಲ್ಲು ಹಾಸಿದ ಟ್ರ್ಯಾಕಿನ ಬೈಕ್ ಓಟವಾದ ಸ್ಪೀಡ್‌ವೇ, ಹುಲ್ಲಿನ ಮೇಲಿನ ಬೈಕ್ ಓಟವಾದ ಗ್ರಾಸ್‌ಟ್ರ್ಯಾಕ್ ಎರಡರಲ್ಲೂ ಬ್ರೇಕ್ ಇಲ್ಲದ ಬೈಕಿನಲ್ಲಿ ಎಡಕ್ಕೆ ತಿರುಗುತ್ತಾ ಸುತ್ತು ಹಾಕುತ್ತಾರೆ. ಹಾಗಾದರೆ ಒಂದರಲ್ಲಿ ಗೆಲ್ಲುವ ಸವಾರ ಇನ್ನೊಂದರಲ್ಲೂ ಸುಲಭವಾಗಿ ಗೆಲ್ಲಬಹುದಲ್ಲವೇ?

ಉತ್ತರ: ಗೆಲ್ಲಬಹುದು, ಆದರೆ ಸುಲಭವಾಗಿ ಅಲ್ಲ. ಇಂಗ್ಲೆಂಡಿನ ಸೈಮನ್ ವಿಗ್ ಅವರ ವೃತ್ತಿಜೀವನವನ್ನು ನೋಡಿದರೆ ಇದು ಚೆನ್ನಾಗಿ ತಿಳಿಯುತ್ತದೆ.

1960ರಲ್ಲಿ ಹುಟ್ಟಿದ ವಿಗ್ ಹುಲ್ಲುಗಾವಲಿನ ಗ್ರಾಸ್‌ಟ್ರ್ಯಾಕ್‌ನಲ್ಲಿ ಪಳಗಿದವರು. ಸ್ಪೀಡ್‌ವೇಯಲ್ಲಿ ವೇಮತ್, ಕ್ರೇಡ್ಲಿ ಹೀತ್ ತಂಡಗಳ ನಂತರ ಆಕ್ಸ್‌ಫರ್ಡ್ ಸೇರಿ, 1985 ಮತ್ತು 1986ರಲ್ಲಿ ಬ್ರಿಟಿಷ್ ಲೀಗ್ ಗೆದ್ದ ತಂಡದಲ್ಲಿದ್ದರು. ಗ್ರಾಸ್‌ಟ್ರ್ಯಾಕ್‌ಗೆ ಹತ್ತಿರದ ಸಂಬಂಧಿಯಾದ, ಉದ್ದನೆಯ ಟ್ರ್ಯಾಕಿನ ಓಟವಾದ ಲಾಂಗ್‌ಟ್ರ್ಯಾಕ್‌ನಲ್ಲಿ 1985, 1989, 1990, 1993 ಮತ್ತು 1994ರಲ್ಲಿ, ಒಟ್ಟು ಐದು ಬಾರಿ, ವಿಶ್ವ ಚಾಂಪಿಯನ್ ಆದರು. ಸ್ಪೀಡ್‌ವೇಯಲ್ಲಿ 1988 ಮತ್ತು 1989ರಲ್ಲಿ ಬ್ರಿಟಿಷ್ ಚಾಂಪಿಯನ್ ಪಟ್ಟ ದಕ್ಕಿತು. ವಿಶ್ವ ಕಿರೀಟ ಮಾತ್ರ ಕೈಗೆ ಬರಲಿಲ್ಲ. 1989ರ ಮ್ಯೂನಿಕ್ ಫೈನಲ್‌ನಲ್ಲಿ ಅವರಿಗೆ ಸಿಕ್ಕಿದ್ದು ಎರಡನೇ ಸ್ಥಾನ. ಗೆದ್ದವರು ಆಕ್ಸ್‌ಫರ್ಡ್‌ನಲ್ಲಿ ಅವರ ಜತೆ ಓಡಿಸಿದ್ದ ಡೆನ್ಮಾರ್ಕ್‌ನ ಹ್ಯಾನ್ಸ್ ನೀಲ್ಸನ್.

ಏಕೆ ಹೀಗೆ? ಸ್ಪೀಡ್‌ವೇ ಟ್ರ್ಯಾಕ್ ಚಿಕ್ಕದು, ಸುಮಾರು 300 ಮೀಟರ್. ನಾಲ್ವರು ಸವಾರರು ನಾಲ್ಕು ಸುತ್ತು ಮುಗಿಸಲು ಒಂದು ನಿಮಿಷ ಸಾಕು. ಸ್ಟಾರ್ಟ್ ಗೆರೆಗೆ ಅಡ್ಡ ಕಟ್ಟಿದ ಟೇಪ್ ಮೇಲೇಳುವ ಕ್ಷಣದಲ್ಲಿ ಕ್ಲಚ್ ಬಿಟ್ಟ ರೀತಿಯಲ್ಲೇ ಅರ್ಧ ಪಂದ್ಯ ತೀರ್ಮಾನವಾಗಿಬಿಡುತ್ತದೆ. ಮೊದಲ ತಿರುವಿನಲ್ಲಿ ಹಿಂದೆ ಬಿದ್ದವರ ಮುಖಕ್ಕೆ ಮುಂದಿನ ಬೈಕಿನ ಚಕ್ರ ಎರಚುವ ಪುಡಿಗಲ್ಲು ಬಡಿಯುತ್ತದೆ, ಕನ್ನಡಕ ಮುಚ್ಚಿಹೋಗುತ್ತದೆ. ಆ ಕಾಲದಲ್ಲಿ ವಿಶ್ವ ಪಟ್ಟ ಒಂದೇ ದಿನದಲ್ಲಿ ನಿರ್ಧಾರವಾಗುತ್ತಿತ್ತು. ಒಬ್ಬೊಬ್ಬರಿಗೂ ಐದೇ ಓಟ, ಗೆದ್ದರೆ ಮೂರು ಅಂಕ. ಒಂದು ಸ್ಟಾರ್ಟ್ ಕೆಟ್ಟರೆ ವರ್ಷದ ಶ್ರಮವೇ ಹೋಯಿತು.

ಲಾಂಗ್‌ಟ್ರ್ಯಾಕ್ ಒಂದು ಕಿಲೋಮೀಟರ್‌ವರೆಗೂ ಚಾಚಿಕೊಂಡಿರುತ್ತದೆ. ಕೆಲವು ಕಡೆ ಕುದುರೆ ಓಟದ ಅಂಕಣವೇ ಟ್ರ್ಯಾಕ್. ಅಲ್ಲಿ ಸ್ಟಾರ್ಟ್ ಕೆಟ್ಟರೂ ನೇರ ಹಾದಿಯಲ್ಲಿ ಮುಂದಿನವರನ್ನು ಹಿಡಿಯಲು ಅವಕಾಶವುಂಟು. ವೇಗ ನೂರು ಕಿಲೋಮೀಟರ್ ದಾಟಿದ ಮೇಲೂ ಥ್ರಾಟಲ್ ಬಿಡದ ಧೈರ್ಯ ಮತ್ತು ಇಂಜಿನ್ನಿನ ಕಸುವು, ಇವೆರಡೂ ಸ್ಟಾರ್ಟಿನಷ್ಟೇ ಮುಖ್ಯವಾಗುತ್ತವೆ. ಬೈಕೂ ಬೇರೆ. ಸ್ಪೀಡ್‌ವೇ ಬೈಕಿಗೆ ಒಂದೇ ಗೇರ್, ಹಿಂದೆ ಸಸ್ಪೆನ್ಷನ್ ಇಲ್ಲ. ಲಾಂಗ್‌ಟ್ರ್ಯಾಕ್, ಗ್ರಾಸ್‌ಟ್ರ್ಯಾಕ್ ಬೈಕಿಗೆ ಎರಡು ಗೇರ್, ಹಿಂದೆಯೂ ಸಸ್ಪೆನ್ಷನ್, ಏಕೆಂದರೆ ಹುಲ್ಲುಗಾವಲು ಸಮತಟ್ಟಾಗಿರುವುದಿಲ್ಲ.

ಎರಡಕ್ಕೂ ಸಮಾನವಾದದ್ದು ತಿರುವಿನ ಕಲೆ. ಸವಾರ ಥ್ರಾಟಲ್ ತಿರುವಿ ಹಿಂದಿನ ಚಕ್ರವನ್ನು ಉದ್ದೇಶಪೂರ್ವಕವಾಗಿ ಜಾರಿಸುತ್ತಾನೆ. ಬೈಕ್ ಎಡಕ್ಕೆ ಹೋಗುತ್ತಿದ್ದರೂ ಮುಂದಿನ ಚಕ್ರ ಬಲಕ್ಕೆ ಮುಖ ಮಾಡಿರುತ್ತದೆ. ಉಕ್ಕಿನ ತಳ ಹಾಕಿದ ಎಡಗಾಲು ನೆಲಕ್ಕೆ ತಾಗಿ ಸಾಗುತ್ತದೆ. ಹೆದರಿ ಥ್ರಾಟಲ್ ಥಟ್ಟನೆ ಮುಚ್ಚಿದರೆ ಜಾರುತ್ತಿದ್ದ ಚಕ್ರ ನೆಲ ಕಚ್ಚಿ ಸವಾರನನ್ನು ಎತ್ತಿ ಒಗೆಯಬಹುದು. ಬ್ರೇಕ್ ಇಲ್ಲದಿರುವುದು ಸುರಕ್ಷತೆಗಾಗಿಯೇ: ಗುಂಪಿನ ನಡುವೆ ಒಬ್ಬ ಬ್ರೇಕ್ ಹಾಕಿದರೆ ಹಿಂದಿನವನು ಅವನ ಮೇಲೇ ಬಂದುಬೀಳುತ್ತಾನೆ.

ಎರಡನ್ನೂ ಗೆದ್ದವರೂ ಇದ್ದಾರೆ. ನ್ಯೂಜಿಲೆಂಡಿನ ಐವನ್ ಮಾಗರ್ ಅವರಿಗೆ ಆರು ಸ್ಪೀಡ್‌ವೇ, ಮೂರು ಲಾಂಗ್‌ಟ್ರ್ಯಾಕ್ ವಿಶ್ವ ಪಟ್ಟಗಳು. ಮೂರು ಲಾಂಗ್‌ಟ್ರ್ಯಾಕ್ ಪಟ್ಟ ಗೆದ್ದಿದ್ದ ಜರ್ಮನಿಯ ಎಗಾನ್ ಮುಲ್ಲರ್ 1983ರಲ್ಲಿ ನಾರ್ಡೆನ್‌ನಲ್ಲಿ ಸ್ಪೀಡ್‌ವೇಯನ್ನೂ ಗೆದ್ದರು. ಇಂತಹವರು ಬೆರಳೆಣಿಕೆಯಷ್ಟೇ.

ವಿಗ್ ಅವರನ್ನು ಸ್ಪೀಡ್‌ವೇ ಕೈಗೂಡದ ಸವಾರ ಎಂದು ಅಳೆಯುವುದನ್ನು ನಾನು ಒಪ್ಪುವುದಿಲ್ಲ. ಎರಡು ಬಗೆಯ ಬೈಕುಗಳನ್ನು ಸಿದ್ಧವಾಗಿಟ್ಟುಕೊಂಡು, ಬ್ರಿಟನ್‌ನ ಲೀಗ್ ಪಂದ್ಯಗಳ ಜತೆಗೆ ಯುರೋಪಿನ ಲಾಂಗ್‌ಟ್ರ್ಯಾಕ್‌ಗಳಲ್ಲೂ ಓಡಿಸಿ, ಎರಡೂ ಕಡೆ ವಿಶ್ವ ಮಟ್ಟದಲ್ಲಿ ನಿಂತವರು ಅವರು. ಮಿದುಳಿನ ಗಡ್ಡೆಯಿಂದ 2000ದ ನವೆಂಬರ್‌ನಲ್ಲಿ ತೀರಿಕೊಂಡಾಗ ಅವರಿಗೆ ನಲವತ್ತು ವರ್ಷ.